ಎದೆಗೆ ಕಟ್ಟಿದ ಕೌದಿ

ನಾನು ಚೆಂಡಾಡಿ ಪಗಾರ ತೆಗೆದುಕೊಂಡವಳು. ಕಚೇರಿಯ ಲೆಕ್ಕದಲ್ಲಿ ನಾನು ಗುಮಾಸ್ತೆ. ಕುರ್ಚಿ ಇತ್ತು, ಕುರ್ಚಿಯ ಮುಂದೆ ಮೇಜಿತ್ತು, ಮೇಜಿನ ಮೇಲೆ ಕಡತಗಳೂ ಇದ್ದವು. ಆದರೆ ನನ್ನನ್ನು ಕೆಲಸಕ್ಕೆ ತೆಗೆದುಕೊಂಡದ್ದು ಬ್ಯಾಸ್ಕೆಟ್‌ಬಾಲ್ ಆಡಲಿಕ್ಕೆ. ಇದು ನನಗೆ ಗೊತ್ತಿತ್ತು, ಸಾಹೇಬರಿಗೆ ಗೊತ್ತಿತ್ತು, ಪಕ್ಕದ ಮೇಜಿನವರಿಗಂತೂ ಎಲ್ಲರಿಗಿಂತ ಚೆನ್ನಾಗಿ ಗೊತ್ತಿತ್ತು. ಬೆಳಿಗ್ಗೆ ಮೈದಾನ, ಮಧ್ಯಾಹ್ನದವರೆಗೆ ಕಡತ, ಬಿಸಿಲು ಇಳಿದ ಮೇಲೆ ಮತ್ತೆ ಮೈದಾನ. ಪಂದ್ಯಗಳಿದ್ದಾಗ ರೈಲು ಹತ್ತಿ ಊರೂರು ತಿರುಗುವುದು. ಎಪ್ಪತ್ತರ ದಶಕದ ಬಳ್ಳಾರಿಯಲ್ಲಿ ಹೆಣ್ಣುಮಗಳೊಬ್ಬಳು ಹೀಗೆ ಹೊಟ್ಟೆ ಹೊರೆದಳು ಎಂದರೆ ಈಗಿನ ಹುಡುಗಿಯರು ನಂಬುವುದಿಲ್ಲ. ಆಗಿನವರೂ ನಂಬುತ್ತಿರಲಿಲ್ಲ ಬಿಡಿ.

ನಮ್ಮ ಮನೆಯವರೇ ನಂಬುತ್ತಿರಲಿಲ್ಲ. ಸತ್ಯನಾರಾಯಣಪೇಟೆಯ ನಮ್ಮ ಮನೆಗೆ ಯಾರಾದರೂ ಬಂದು ನಾನೆಲ್ಲಿ ಎಂದು ಕೇಳಿದರೆ ಅವ್ವ ಒಳಗಿನಿಂದಲೇ "ಆಟಕ್ಕ ಹೋಗ್ಯಾಳ" ಅನ್ನುತ್ತಿದ್ದಳು. ಶಾಲೆಯಲ್ಲಿದ್ದಾಗಲೂ ಆಟಕ್ಕೆ, ಕಾಲೇಜಿನಲ್ಲಿದ್ದಾಗಲೂ ಆಟಕ್ಕೆ, ಪಗಾರ ತಂದು ಅವಳ ಕೈಗೆ ಕೊಡಲು ಶುರುಮಾಡಿದ ಮೇಲೂ ಆಟಕ್ಕೆ. ಅಪ್ಪ ಹತ್ತಿ ಮಂಡಿಯಲ್ಲಿ ದಲಾಲಿ ಮಾಡುತ್ತಿದ್ದ. ರೈತನಿಗೂ ಸಾವುಕಾರನಿಗೂ ನಡುವೆ ನಿಂತು ಮಾತಾಡಿ ದರ ಕುದುರಿಸುವುದು ಅವನ ಕೆಲಸ. ಅಷ್ಟು ಮಾತು ಬಲ್ಲವನಿಗೆ ಮಗಳು ಏನು ಮಾಡುತ್ತಾಳೆಂದು ಹೇಳಲು ಮಾತ್ರ ಬಾಯಿ ಬರುತ್ತಿರಲಿಲ್ಲ. "ಆಫೀಸಿನಾಗ ಕ್ಲರ್ಕ್ ಅದಾಳ" ಎಂದು ಮುಗಿಸಿಬಿಡುತ್ತಿದ್ದ. ನನಗೆ ಮೈ ಉರಿಯುತ್ತಿತ್ತು. ರಾಜ್ಯದ ಪರವಾಗಿ ಆಡುವ ಮಗಳನ್ನು ಕಡತದ ಹಿಂದೆ ಬಚ್ಚಿಡುವ ಅಪ್ಪನ ಮೇಲೆ ಸಿಟ್ಟು ಬರದೆ ಇನ್ನೇನು ಬರುತ್ತದೆ?

ಅಪ್ಪನನ್ನೂ ಬಿಡದೆ ಕಾಡುವವಳು ಒಬ್ಬಳಿದ್ದಳು, ಅವನ ತಾಯಿ. ಅಜ್ಜಿ ಕುರುಗೋಡಿನಲ್ಲಿದ್ದಳು. ಸಣ್ಣ ವಯಸ್ಸಿಗೆ ಗಂಡನನ್ನು ಕಳೆದುಕೊಂಡು, ಹೊಲ ತಾನೇ ಮಾಡಿಸಿ, ಬಿಡುವಾದಾಗ ಮಂದಿಗೆ ಹಳೆಯ ಬಟ್ಟೆ ಜೋಡಿಸಿ ಹೊದೆಯುವ ಕೌದಿ ಹೊಲಿದುಕೊಟ್ಟು ಮಗನನ್ನು ಬೆಳೆಸಿದವಳು. ನಾವು ಲಿಂಗ ಕಟ್ಟಿಕೊಳ್ಳುವ ಜನ. ದುಡಿಮೆಗೆ ಕಾಯಕ ಅನ್ನುವುದು ನಮ್ಮಲ್ಲಿ ಪೂಜೆಯಷ್ಟೇ ದೊಡ್ಡ ಮಾತು. ಅಜ್ಜಿ ಆ ಮಾತನ್ನು ಸುಮ್ಮನೆ ಯಾರಿಗೂ ಬಿಟ್ಟುಕೊಡುತ್ತಿರಲಿಲ್ಲ. ಬೆವರು ಹರಿಯಬೇಕು, ಹಿಡಿದದ್ದನ್ನು ಮುಗಿಸದೆ ಏಳಬಾರದು, ಆಗ ಅದು ಕಾಯಕ. ಅವಳು ನಮ್ಮ ಮನೆಗೆ ಬಂದಿದ್ದಾಗ, ಮಂಡಿಯಿಂದ ಬಂದ ಅಪ್ಪ ದಣಿವಾಯಿತು ಎಂದು ಮಂಚದ ಮೇಲೆ ಮೈ ಚೆಲ್ಲಿದರೆ ಅಜ್ಜಿ "ಮಾತಾಡಿ ಮಾತಾಡಿ ದವಡಿ ನೋಯಾಕತ್ತೈತೇನು?" ಎಂದು ಕೇಳುತ್ತಿದ್ದಳು. ಹೆತ್ತ ಮಗನ ದಲಾಲಿಯನ್ನು ಅವಳು ಸಾಯುವವರೆಗೂ ಕಾಯಕ ಅನ್ನಲಿಲ್ಲ. ಅಪ್ಪ ನಗುತ್ತಿದ್ದ. ಆದರೆ ಆ ನಗು ಹೊಟ್ಟೆಯಿಂದ ಬಂದದ್ದಲ್ಲ ಎಂದು ನನಗೆ ಆಗಲೇ ಅನ್ನಿಸುತ್ತಿತ್ತು.

ನಾನು ಚೆಂಡು ಹಿಡಿದದ್ದು ಎತ್ತರದ ದೆಸೆಯಿಂದ. ಹೈಸ್ಕೂಲು ಸೇರುವ ಹೊತ್ತಿಗೆ ಅಪ್ಪನ ಕಿವಿ ಮುಟ್ಟುತ್ತಿದ್ದೆ. ಓಣಿಯ ಹುಡುಗರು ಜೋಳದ ದಂಟು ಎಂದು ಕೂಗುತ್ತಿದ್ದರು, ಓಣಿಯ ಹೆಂಗಸರು ಇದಕ್ಕೆಲ್ಲಿ ಗಂಡು ಹುಡುಕುತ್ತೀರಿ ಎಂದು ಅವ್ವನನ್ನು ಕೇಳುತ್ತಿದ್ದರು. ನನ್ನನ್ನು ನೋಡಿ ಖುಷಿಪಟ್ಟ ಮೊದಲ ಮನುಷ್ಯರೆಂದರೆ ನಮ್ಮ ಡ್ರಿಲ್ ಟೀಚರು. ಆದೋನಿ ಕಡೆಯವರು, ಬಾಯಿ ತೆರೆದರೆ ಅರ್ಧ ತೆಲುಗು ಅರ್ಧ ಕನ್ನಡ. ಶಾಲೆಯ ಹಿಂದೆ ಮಣ್ಣಿನ ಕೋರ್ಟಿತ್ತು. ಎರಡು ಕಡೆ ಮರದ ಹಲಗೆ, ಹಲಗೆಗೆ ಕಮ್ಮಾರ ಬಡಿದುಕೊಟ್ಟ ಕಬ್ಬಿಣದ ಬಳೆ. ಒಂದು ಬಳೆಯ ಹಿಂದೆ ಬಳ್ಳಾರಿ ಗುಡ್ಡ ಕಾಣುತ್ತಿತ್ತು. ಬಿಸಿಲು ಹೋದ ಮೇಲೂ ಗುಡ್ಡದ ಬಂಡೆ ಕಾವು ಬಿಡುತ್ತಿತ್ತು, ಬರಿಗಾಲಲ್ಲಿ ಓಡುವಾಗ ಅಂಗಾಲು ಚುರುಗುಟ್ಟುತ್ತಿತ್ತು. ಬಾಗಿ ನಡೆಯುವುದನ್ನು ನಾನು ಅಲ್ಲಿ ಬಿಟ್ಟೆ. ಎತ್ತರ ಇರುವುದು ತಪ್ಪಲ್ಲದ ಜಾಗ ಊರಲ್ಲಿ ಅದೊಂದೇ ಆಗಿತ್ತು.

ಮೊದಲ ಪಂದ್ಯದಲ್ಲೇ ಎಡವಟ್ಟಾಯಿತು. ಬೇರೆ ಶಾಲೆಯ ಹುಡುಗಿಯರ ಜೊತೆಗಿನ ಆಟ. ಶುರುವಾಗುವ ಮೊದಲು ರೆಫ್ರಿ ಎಲ್ಲರ ಕುತ್ತಿಗೆ, ಕಿವಿ, ಕೈ ನೋಡುತ್ತ ಬಂದರು. ಸರ, ಬಳೆ, ಲೋಲಾಕು ಎಲ್ಲ ಬಿಚ್ಚಿ ಟೀಚರ ಕೈಗೆ ಹೋದವು. ನನ್ನ ಕುತ್ತಿಗೆಯಲ್ಲಿ ಶಿವದಾರ ಇತ್ತು, ದಾರಕ್ಕೆ ಕರಡಿಗೆ. ಕರಡಿಗೆ ಎಂದರೆ ಲಿಂಗವನ್ನಿಡುವ ಬೆಳ್ಳಿಯ ಪುಟ್ಟ ಡಬ್ಬಿ. ಅದನ್ನೂ ತೆಗೆಯಬೇಕು ಎಂದರು. ನಾನು ತೆಗೆಯಲು ಬರುವುದಿಲ್ಲ ಎಂದೆ. ನಮ್ಮಲ್ಲಿ ಲಿಂಗ ಮೈಬಿಟ್ಟು ಇರಬಾರದು. ಉಣ್ಣುವಾಗ, ಮಲಗುವಾಗ, ಸ್ನಾನ ಮಾಡುವಾಗಲೂ ಅದು ಮೈಮೇಲೆ ಇರಬೇಕು, ಸತ್ತರೆ ಜೊತೆಗೇ ಮಣ್ಣಿಗೆ ಹೋಗಬೇಕು. ಟೀಚರಿಗೆ ಇದು ಅರ್ಥವಾಗಲಿಲ್ಲ. ರೆಫ್ರಿಗೆ ಚೆನ್ನಾಗಿ ಅರ್ಥವಾಯಿತು, ಅದೇ ತೊಂದರೆ.

"ನಮ್ಮ ಮನ್ಯಾಗೂ ಐತಮ್ಮಾ, ನನಗ ಗೊತ್ತಿಲ್ಲೇನು? ಆದ್ರ ಅದು ಬಡದು ಎದುರಿನ ಹುಡುಗಿ ಹಲ್ಲು ಮುರದ್ರ ಆಕಿ ಅವ್ವಗ ನಾ ಏನ್ ಹೇಳ್ಲಿ?"

ಅವರ ಮಾತಿನಲ್ಲಿ ತಪ್ಪಿರಲಿಲ್ಲ. ನಾನು ಬೆಂಚಿನ ಮೇಲೆ ಕೂತೆ. ಇಡೀ ಮೈದಾನದಲ್ಲಿ ಎಲ್ಲರಿಗಿಂತ ಎತ್ತರದವಳು ಬೆಂಚಿನ ಮೇಲೆ. ನಾವು ಸೋತೆವು. ಒಂದು ಗಳಿಗೆ ತೆಗೆದಿಟ್ಟಿದ್ದರೆ ಏನಾಗುತ್ತಿತ್ತು ಎಂದು ನಮ್ಮ ಹುಡುಗಿಯರು ಮುಖ ತಿರುಗಿಸಿದರು. ನಾನು ದಾರಿಯುದ್ದಕ್ಕೂ ಅಳುತ್ತ ಮನೆಗೆ ಬಂದೆ. ದುಃಖಕ್ಕಿಂತ ಸಿಟ್ಟೇ ಜಾಸ್ತಿ ಇತ್ತು, ಆದರೆ ಯಾರ ಮೇಲೆ ಎಂದು ಗೊತ್ತಿರಲಿಲ್ಲ. ಅಪ್ಪನಿಗೆ ಹಾಲು ಕುಡಿದಷ್ಟು ಸಂತೋಷ. ಶಿವನೇ ಬೇಡ ಅಂದ ಮೇಲೆ ಮುಗಿಯಿತಲ್ಲ ಎಂದ.

ಅಜ್ಜಿ ಆಗ ಕಣ್ಣು ತೋರಿಸಿಕೊಳ್ಳಲು ಬಳ್ಳಾರಿಗೆ ಬಂದಿದ್ದಳು. ಎಲ್ಲ ಕೇಳಿಸಿಕೊಂಡು, ತೆಗೆ ಎಂದಾಗ ಏನು ಮಾಡಿದೆ ಎಂದು ನನ್ನನ್ನು ಕೇಳಿದಳು. ತೆಗೆಯಲಿಲ್ಲ, ಕೂತೆ ಎಂದೆ. ಸರಿಯಾಗಿ ಮಾಡಿದೆ ಎಂದಳು. ಅಲ್ಲಿಗೆ ನನ್ನ ಕಥೆ ಮುಗಿಯಿತು ಅಂದುಕೊಂಡೆ. ಮರುದಿನ ಬೆಳಿಗ್ಗೆ ನೋಡಿದರೆ ಅಜ್ಜಿ ಸೆರಗು ಬಿಗಿದು ಚಪ್ಪಲಿ ಮೆಟ್ಟಿ ಬಾಗಿಲಲ್ಲಿ ನಿಂತಿದ್ದಳು, ಆ ಆಟ ಹೇಗಿರುತ್ತದೋ ತೋರಿಸು ಎಂದು.

ಕೋರ್ಟಿನ ಪಕ್ಕದ ಕಲ್ಲಿನ ಮೇಲೆ ಕೂತು ಅವಳು ನೋಡಿದಳು. ಹುಡುಗಿಯರು ಬಳೆಗೆ ಚೆಂಡು ಹಾಕಿದ್ದನ್ನು ನೋಡಲಿಲ್ಲ, ಅದರಲ್ಲಿ ಅವಳಿಗೆ ಆಸಕ್ತಿ ಇರಲಿಲ್ಲ. ಯಾರ ಮೊಣಕೈ ಎಲ್ಲಿ ತಗಲುತ್ತದೆ, ಬಿದ್ದಾಗ ಮೈಯ ಯಾವ ಭಾಗ ನೆಲಕ್ಕೆ ಬಡಿಯುತ್ತದೆ ಎಂದು ನೋಡಿದಳು. ಆಟ ಮುಗಿದ ಮೇಲೆ ನನ್ನನ್ನು ಕರೆದು ಬೆನ್ನ ಮೇಲೆ ಕೈಯಾಡಿಸಿದಳು. ಲಂಗದ ರವಕೆ ಹಿಂಡಿದರೆ ನೀರು ಸುರಿಯುವ ಹಾಗಿತ್ತು. "ಇಷ್ಟು ಬೆವರು ಹೊಲದಾಗ ಸುರಿಸಿದ್ರ ಎರಡು ಚೀಲ ಜ್ವಾಳಾನರ ಬರ್ತಿದ್ವು" ಎಂದಳು. ಬೈದಳೋ ಮೆಚ್ಚಿದಳೋ ತಿಳಿಯಲಿಲ್ಲ.

ಆ ವಾರ ಅವಳು ಹೊಲಿದಳು. ತನ್ನ ಹಳೆಯ ಇಳಕಲ್ ಸೀರೆ, ಅಜ್ಜನ ಧೋತರ, ನನ್ನದೇ ಹರಿದ ಲಂಗ, ಎಲ್ಲದರಿಂದ ತುಂಡು ಕತ್ತರಿಸಿ ಪದರದ ಮೇಲೆ ಪದರ ಇಟ್ಟು, ಕೌದಿಯ ಸಣ್ಣ ಹೊಲಿಗೆ ಹಾಕಿ, ಅಂಗೈಯಗಲದ ಒಂದು ಪಟ್ಟಿ ಮಾಡಿದಳು. ನಡುವೆ ಒಂದು ಚೀಲ, ಚೀಲಕ್ಕೆ ಬಾಯಿ ಬಿಗಿಯುವ ಲಾಡಿ. ಕರಡಿಗೆಯಿಂದ ಲಿಂಗವನ್ನು ನನ್ನ ಕೈಯಿಂದಲೇ ತೆಗೆಸಿ, ಬರೀ ಬಟ್ಟೆಯಲ್ಲಿ ಸುತ್ತಿಸಿ, ಆ ಚೀಲದಲ್ಲಿ ಇಡಿಸಿದಳು. ರವಕೆಯ ಒಳಗೆ, ಎದೆಯ ಕೆಳಗೆ, ಎಡಮಗ್ಗುಲಿಗೆ ಬರುವಂತೆ ಪಟ್ಟಿಯನ್ನು ಬಿಗಿದು ಬೆನ್ನಿಗೆ ಗಂಟು ಹಾಕಿದಳು. ಹೊಕ್ಕಳಿಂದ ಕೆಳಗೆ ಇಳಿಯಬಾರದು, ಮೈ ಬಿಡಬಾರದು, ಅಷ್ಟೇ ಶಾಸ್ತ್ರ, ಡಬ್ಬಿ ಬೆಳ್ಳಿಯದೇ ಆಗಬೇಕೆಂದು ಶಿವ ಹೇಳಿಲ್ಲ ಎಂದಳು. ಬೆಳ್ಳಿ ಕರಡಿಗೆ ಪೆಟ್ಟಿಗೆ ಸೇರಿದ್ದಕ್ಕೆ ಅವ್ವ ಮೂಗು ಮುರಿದಳು. ನಮಗೇನು ಬಡತನ ಬಂದಿದೆಯೇ ಎಂದು ಅವಳ ಚಿಂತೆ.

ಗಂಟು ಹಾಕಿದ ಮೇಲೆ ಅಜ್ಜಿ ನನ್ನ ಭುಜ ಹಿಡಿದು ತನ್ನ ಕಡೆ ತಿರುಗಿಸಿಕೊಂಡಳು.

"ಲೇ ಹುಡುಗಿ, ಒಂದು ಮಾತು. ಲಿಂಗ ಒಡದ ದಿನ ಆಟ ಬಿಡಬೇಕು. ಆಣಿ ಗೀಣಿ ಬ್ಯಾಡ, ಮಾತು ಕೊಡು."

ಕೊಟ್ಟೆ. ಆ ವಯಸ್ಸಿನಲ್ಲಿ ಮಾತು ಕೊಡಲು ಏನು ಖರ್ಚು? ಮುಂದಿನ ಪಂದ್ಯದಲ್ಲಿ ಅದೇ ರೆಫ್ರಿ ಬಂದರು. ಟೀಚರು ಪಟ್ಟಿಯನ್ನು ಅಂಗಿಯ ಮೇಲಿಂದಲೇ ಒತ್ತಿ ನೋಡಿ ಮೆತ್ತಗಿದೆ ಎಂದು ಹೇಳಿದರು. ರೆಫ್ರಿ ಸೀಟಿ ಊದಿದರು. ಅಲ್ಲಿಂದ ಶುರುವಾಯಿತು.

ಮಾತಿನ ಭಾರ ತಿಳಿದದ್ದು ಆಮೇಲೆ, ಆಟದ ರುಚಿ ಹತ್ತಿದ ಮೇಲೆ. ಚೆಂಡು ಕೈಗೆ ಬಂದರೆ ಉಳಿದವರು ಬಳೆಯ ಕಡೆ ನುಗ್ಗುತ್ತಿದ್ದರು. ನಾನು ನುಗ್ಗುತ್ತಿರಲಿಲ್ಲ. ನುಗ್ಗಿದರೆ ಎದೆಗೆ ಎದೆ ಬಡಿಯುತ್ತದೆ, ಬಡಿದರೆ ಲಿಂಗ, ಲಿಂಗ ಹೋದರೆ ಆಟ. ಹಾಗಾಗಿ ಎಡಮಗ್ಗುಲನ್ನು ಯಾವಾಗಲೂ ಹಿಂದಿಟ್ಟು, ಬಲಭುಜ ಮುಂದೆ ಮಾಡಿ, ಯಾರಾದರೂ ಹತ್ತಿರ ಬಂದರೆ ಬಲಕ್ಕೆ ಗಿರಕಿ ಹೊಡೆದು ದೂರ ಸರಿದು, ದೂರದಿಂದಲೇ ಚೆಂಡು ಎಸೆಯುವುದನ್ನು ಕಲಿತೆ. ಬೆಳಿಗ್ಗೆ ಎಲ್ಲರಿಗಿಂತ ಮೊದಲು ಹೋಗಿ ದೂರದಿಂದ ಎಸೆಯುತ್ತಿದ್ದೆ, ಸಂಜೆ ಎಲ್ಲರೂ ಹೋದ ಮೇಲೂ ಎಸೆಯುತ್ತಿದ್ದೆ. ಕಣ್ಣುಮುಚ್ಚಿ ಎಸೆದರೂ ಬೀಳುವಷ್ಟು ಕೈ ಪಳಗಿತು. ನೋಡಿದವರು ಏನು ಸ್ಟೈಲು ಎಂದರು. ನನ್ನ ಗಿರಕಿಯನ್ನು ಚಿಕ್ಕ ಹುಡುಗಿಯರು ಅಣಕಿಸಿ ಕಲಿಯುತ್ತಿದ್ದರು. ಅದು ಸ್ಟೈಲಲ್ಲ, ಅಜ್ಜಿಯ ಹೆದರಿಕೆ ಎಂದು ನಾನು ಯಾರಿಗೆ ಹೇಳಲಿ? ಟೀಚರು ಮಾತ್ರ ಹೊಗಳುತ್ತಿರಲಿಲ್ಲ. ಇಷ್ಟು ಎತ್ತರ ಇದ್ದೂ ಬಳೆಯ ಕೆಳಗೆ ಹೋಗದವಳು ಬಾವಿ ಕಟ್ಟೆಯ ಮೇಲೆ ಕೂತು ಬಾಯಾರಿದವಳ ಹಾಗೆ ಎಂದು ಬೈಯುತ್ತಿದ್ದರು.

ಆ ದೂರದ ಎಸೆತವೇ ನನ್ನನ್ನು ಕಾಲೇಜು ತಂಡಕ್ಕೆ ಒಯ್ದಿತು, ಜಿಲ್ಲೆಗೆ ಒಯ್ದಿತು, ರಾಜ್ಯಕ್ಕೆ ಒಯ್ದಿತು, ಕೊನೆಗೆ ಕಚೇರಿಯ ಕುರ್ಚಿಯಲ್ಲಿ ಕೂರಿಸಿತು. ಗೆದ್ದ ಊರುಗಳನ್ನೆಲ್ಲ ಇಲ್ಲಿ ಹೇಳುತ್ತ ಕೂರುವುದಿಲ್ಲ, ಗೆಲುವು ಎಲ್ಲ ಊರಲ್ಲೂ ಒಂದೇ ಥರ ಇರುತ್ತದೆ. ನೆನಪಿರುವುದು ಬೇರೆಯವು. ಮೂರನೆಯ ದರ್ಜೆಯ ಬೋಗಿಯಲ್ಲಿ ಕಾಲು ಚಾಚಲಾಗದೆ ಮಂಡಿ ಮಡಚಿ ಕೂತದ್ದು, ಛತ್ರಗಳ ನಲ್ಲಿಯ ಕೆಳಗೆ ನಾವೇ ಅಂಗಿ ಒಗೆದು ಕಿಟಕಿಗೆ ಒಣಹಾಕಿದ್ದು, ಬೇರೆ ಹುಡುಗಿಯರು ಎದ್ದೇಳುವ ಮೊದಲು ನಾನು ಮೂಲೆಯಲ್ಲಿ ಗೋಡೆಗೆ ಮುಖ ಮಾಡಿ ಅಂಗೈಯಲ್ಲಿ ಲಿಂಗವಿಟ್ಟುಕೊಂಡು ಪೂಜೆ ಮುಗಿಸುತ್ತಿದ್ದದ್ದು. ಪ್ರತಿ ವರ್ಷ ಬೇಸಿಗೆಯಲ್ಲಿ ಕುರುಗೋಡಿಗೆ ಹೋದಾಗ ಅಜ್ಜಿ ಪಟ್ಟಿ ಬಿಚ್ಚಿಸಿ, ಸವೆದ ಕಡೆ ಹೊಸ ತುಂಡು ಹಚ್ಚಿ ಕೊಡುತ್ತಿದ್ದಳು. ಮಾತು ನೆನಪಿದೆಯಾ ಎಂದು ಕೇಳುತ್ತಿರಲಿಲ್ಲ. ಕೇಳದಿರುವುದೇ ಕೇಳಿದ ಹಾಗಿತ್ತು.

ಈ ನಡುವೆ ರೂಪನಗುಡಿಯಿಂದ ಒಂದು ಸಂಬಂಧ ಬಂತು. ಅಪ್ಪ ನನಗೆ ಅವರು ಬರುವ ಮೊದಲೇ ಚಾಪೆಯ ಮೇಲೆ ಕೂತಿರಲು, ಅವರು ಹೋಗುವವರೆಗೂ ಏಳದಿರಲು ಹೇಳಿದ. ಮಗಳು ಕ್ಲರ್ಕು, ದಿನವಿಡೀ ಕೂತೇ ಕೆಲಸ ಎಂದು ವರ್ಣಿಸಿದ. ಹುಡುಗನ ಸೋದರತ್ತೆ ಚಾಣಾಕ್ಷಳು, ಕುಡಿಯಲು ನೀರು ಕೇಳಿದಳು. ನಾನು ಎದ್ದೆ. ಎದ್ದು ನಿಂತ ಮೇಲೆ ಇನ್ನು ಬಚ್ಚಿಡುವುದೇನು, ನೆಟ್ಟಗೇ ನಿಂತೆ. ನೀರು ಕುಡಿದು ಹೋದರು, ಮತ್ತೆ ಬರಲಿಲ್ಲ. ಅಪ್ಪ ಆ ದಿನ "ಇನ್ನ ಎಷ್ಟು ದಿನಾ ಆಟ ಆಡ್ತಿ?" ಎಂದು ಕೇಳಿದ. ಎಷ್ಟು ದಿನ ಎಂಬುದು ನನ್ನ ಎಡಮಗ್ಗುಲಿಗೆ ಕಟ್ಟಿದ್ದ ಪಟ್ಟಿಗೆ ಗೊತ್ತಿತ್ತು.

ಅದು ಒಡೆದದ್ದು ಸಿರುಗುಪ್ಪದಲ್ಲಿ. ದೊಡ್ಡ ಪಂದ್ಯವೂ ಅಲ್ಲ, ಕಪ್ಪೂ ಇರಲಿಲ್ಲ. ಅಲ್ಲಿನ ಶಾಲೆಗೆ ಹೊಸದಾಗಿ ಸಿಮೆಂಟಿನ ಕೋರ್ಟು ಮಾಡಿಸಿದ್ದರು. ಅದರ ಉದ್ಘಾಟನೆಗೆ ಬಳ್ಳಾರಿಯ ಹುಡುಗಿಯರಿಗೂ ಸಿರುಗುಪ್ಪದ ಹುಡುಗಿಯರಿಗೂ ಒಂದು ಆಟ ಇಟ್ಟಿದ್ದರು. ನಮ್ಮ ಟೀಚರು ಆಗ ಜಿಲ್ಲೆಯ ತಂಡ ನೋಡಿಕೊಳ್ಳುತ್ತಿದ್ದರು, ನೀನು ಬಂದರೆ ಜನ ಸೇರುತ್ತಾರೆ ಎಂದು ನನ್ನನ್ನೂ ಕರೆದುಕೊಂಡು ಹೋದರು. ಮುಂದಿನ ವಾರ ರಾಜ್ಯದ ತಂಡದ ಶಿಬಿರ. ಅಲ್ಲಿಂದ ರಾಷ್ಟ್ರೀಯ ಪಂದ್ಯಗಳಿಗೆ ಹೋಗುವುದಿತ್ತು. ಆ ಸಲ ನಾನೇ ತಂಡದ ನಾಯಕಿಯಾಗುತ್ತೇನೆ ಎಂಬ ಮಾತೂ ಕಿವಿಗೆ ಬಿದ್ದಿತ್ತು. ಆಸೆ ಇರಲಿಲ್ಲ ಅಂದರೆ ಸುಳ್ಳು, ತುಂಬ ಆಸೆ ಇತ್ತು.

ಸಿರುಗುಪ್ಪದ ತಂಡದಲ್ಲಿ ದೇಶನೂರಿನ ಹುಡುಗಿಯೊಬ್ಬಳಿದ್ದಳು. ತಾಯಿಯ ಜೊತೆ ಭತ್ತದ ನಾಟಿಗೆ ಕೂಲಿ ಹೋಗುವವಳು ಎಂದು ಆಮೇಲೆ ತಿಳಿಯಿತು. ಗಟ್ಟಿ ಮೈ, ಹೆದರಿಕೆ ಎಂಬುದೇ ಇಲ್ಲ. ಉಳಿದವರು ರಾಜ್ಯದ ಆಟಗಾರ್ತಿ ಎಂದು ನನಗೆ ದಾರಿ ಬಿಡುತ್ತಿದ್ದರು, ಇವಳು ಬಿಡಲಿಲ್ಲ. ನಾನು ಎಂದಿನಂತೆ ಬಲಕ್ಕೆ ಗಿರಕಿ ಹೊಡೆದೆ. ಅವಳು ನನ್ನ ಗಿರಕಿಯನ್ನು ಎರಡು ಸಲ ನೋಡಿಕೊಂಡಿದ್ದಳು, ಮೂರನೆಯ ಸಲ ಅಲ್ಲೇ ಬಂದು ನಿಂತಿದ್ದಳು. ಅವಳ ಮೊಣಕೈ ನೆಟ್ಟಗೆ ನನ್ನ ಎಡಮಗ್ಗುಲಿಗೆ ಬಿತ್ತು.

ಸದ್ದು ಕೇಳಲಿಲ್ಲ, ಮೈಗೆ ತಿಳಿಯಿತು. ಚೀಲದಲ್ಲಿ ಒಂದಾಗಿದ್ದದ್ದು ಎರಡಾಗಿ ಒಂದರ ಮೇಲೊಂದು ಸರಿಯಿತು. ನಾನು ಎದೆ ಹಿಡಿದು ನಿಂತದ್ದು ನೋಡಿ ಆ ಹುಡುಗಿ ಗಾಬರಿಯಾಗಿ "ನೋವಾತೇನ್ರಿ ಅಕ್ಕಾರ?" ಎಂದು ಹತ್ತಿರ ಬಂದಳು. ಇಲ್ಲ ಎಂದೆ. ನಿಜಕ್ಕೂ ನೋವಾಗಿರಲಿಲ್ಲ. ಅಂಗಾಲಿನಿಂದ ತಲೆಯವರೆಗೆ ತಣ್ಣಗಾಗಿತ್ತು ಅಷ್ಟೆ. ಇಷ್ಟು ವರ್ಷ ಕಾಯ್ದು ಕಾಯ್ದು, ದೊಡ್ಡ ದೊಡ್ಡ ಊರುಗಳಲ್ಲಿ ಕಾಪಾಡಿಕೊಂಡು, ಮನೆ ಬಾಗಿಲಿನ ಸಿರುಗುಪ್ಪದಲ್ಲಿ ಕಳೆದುಕೊಂಡೆ. ಮಾತಿನ ಪ್ರಕಾರ ನನ್ನ ಆಟ ಮುಗಿದಿತ್ತು. ಅದು ಆ ಮೈದಾನದಲ್ಲಿ ಗೊತ್ತಿದ್ದವಳು ನಾನೊಬ್ಬಳೇ.

ಟೀಚರು ಹೊರಗೆ ಬಾ ಎಂದು ಕೈ ಮಾಡಿದರು. ಹೋಗಲಿಲ್ಲ. ಇನ್ನರ್ಧ ಆಟ ಬಾಕಿ ಇತ್ತು, ಇದೇ ಕೊನೆಯದಾದರೆ ಇದನ್ನಾದರೂ ಮುಗಿಸಿಯೇ ಏಳುತ್ತೇನೆ ಅನ್ನಿಸಿತು. ಆಮೇಲೆ ಏನಾಯಿತೋ, ಈಗಲೂ ನೆನೆಸಿಕೊಂಡರೆ ಮೈ ಜುಮ್ಮೆನ್ನುತ್ತದೆ. ಕಾಯಬೇಕಾದದ್ದು ಒಡೆದುಹೋಗಿತ್ತು, ಇನ್ನು ಎಡಮಗ್ಗುಲನ್ನು ಹಿಂದಿಡುವ ಅಗತ್ಯವಿರಲಿಲ್ಲ. ಚೆಂಡು ಕೈಗೆ ಬಂದಾಗ ನಾನು ಗಿರಕಿ ಹೊಡೆಯದೆ ನೆಟ್ಟಗೆ ನುಗ್ಗಿದೆ. ಎದೆ ಕೊಟ್ಟು ನುಗ್ಗಿದೆ. ಬಳೆಯ ಕೆಳಗೆ ಹೋಗಿ, ಮೂವರ ನಡುವೆ ಎದ್ದು, ಕೈ ಬಳೆಗೆ ತಾಗುವಷ್ಟು ಹತ್ತಿರದಿಂದ ಚೆಂಡು ಹಾಕಿದೆ. ಮತ್ತೆ ಹಾಕಿದೆ. ದೇಶನೂರಿನ ಹುಡುಗಿ ಡಿಕ್ಕಿ ಹೊಡೆದಳು, ನಾನೂ ಹೊಡೆದೆ, ಇಬ್ಬರೂ ಬಿದ್ದು ಎದ್ದೆವು, ಅವಳು ನಕ್ಕಳು, ನಾನೂ ನಕ್ಕೆ. ನನಗೆ ಹೀಗೆ ಆಡಲು ಬರುತ್ತದೆ ಎಂದು ನನಗೇ ಗೊತ್ತಿರಲಿಲ್ಲ. ಅಷ್ಟು ಸುಖವನ್ನು ನಾನು ಕೋರ್ಟಿನಲ್ಲಿ ಅದಕ್ಕೆ ಮೊದಲು ಪಟ್ಟಿರಲಿಲ್ಲ.

ಸೀಟಿ ಬಿದ್ದ ಮೇಲೆ ಟೀಚರು ಬಂದು ನನ್ನ ಎರಡೂ ಕೈ ಹಿಡಿದರು.

"ಏಮ್ಮಾ, ಇಷ್ಟು ವರ್ಷ ಈ ಆಟ ಎಲ್ಲಿ ಇಟ್ಟಿದ್ದಿ?"

ನನಗೆ ಅಳು ಬಂತು. ಅವರು ಸಂತೋಷಕ್ಕೆ ಅಂದುಕೊಂಡರು. ಶಾಲೆಯವರು ಹಂಡೆ ತುಂಬ ಮಜ್ಜಿಗೆ ಮಾಡಿಸಿದ್ದರು, ಲಿಂಬೆಹಣ್ಣಿನ ಪಾನಕ ಮಾಡಿಸಿದ್ದರು. ದೇಶನೂರಿನ ಹುಡುಗಿ ಎರಡು ಲೋಟ ಹಿಡಿದು ನನ್ನ ಹತ್ತಿರವೇ ಬಂದಳು. ನಾನು ಬೇಡವೆಂದೆ. ಲಿಂಗ ಭಿನ್ನವಾದರೆ ಹೊಸದು ಕಟ್ಟಿಸಿಕೊಳ್ಳುವವರೆಗೆ ಹನಿ ನೀರೂ ಬಾಯಿಗೆ ಹಾಕಬಾರದು. ಅವಳ ಮುಖ ಸಣ್ಣದಾಯಿತು. ತನ್ನ ಕೈಯಿಂದ ಎಂದು ಬೇಡ ಅಂದೆನೆಂದು ತಿಳಿದಳೋ ಏನೋ. ಕೂಲಿಯವರ ಕೇರಿಯ ಹುಡುಗಿಗೆ ಹಾಗೆ ಅನ್ನಿಸಲು ಕಾರಣಗಳು ಕಮ್ಮಿ ಇರಲಿಲ್ಲ. ಅದನ್ನು ಹಾಗೇ ಬಿಟ್ಟು ಬರಲು ಮನಸ್ಸಾಗದೆ ಅವಳೊಬ್ಬಳನ್ನು ಪಕ್ಕಕ್ಕೆ ಕರೆದು ಏನಾಗಿದೆಯೆಂದು ಹೇಳಿದೆ. ಅವಳು ಎರಡೂ ಲೋಟ ಕೆಳಗಿಟ್ಟು, ತಾನೂ ಕುಡಿಯದೆ, ನನ್ನ ಜೊತೆ ಬಸ್ ನಿಲ್ದಾಣದವರೆಗೆ ನಡೆದು ಬಂದಳು. ಮುಂದೆ ಅವಳು ಜಿಲ್ಲೆಗೆ ಆಡಿದಳು, ನಾವು ಒಂದೇ ತಂಡದಲ್ಲಿ ಇದ್ದೆವು, ಆ ಮೊಣಕೈ ವಿಷಯಕ್ಕೆ ಅವಳನ್ನು ನಾನು ಬೇಕಾದಷ್ಟು ಕಾಡಿದ್ದೇನೆ.

ಉಳಿದವರು ಬಳ್ಳಾರಿಗೆ ಹೋದರು. ನಾನು ನಡುವೆ ಕ್ರಾಸಿನಲ್ಲಿ ಇಳಿದು ಕುರುಗೋಡಿನ ಬಸ್ಸು ಹಿಡಿದೆ. ನಾಲಿಗೆ ಅಂಗುಳಕ್ಕೆ ಅಂಟಿತ್ತು. ಬಸ್ಸಿನಲ್ಲಿ ಒಬ್ಬಾಕೆ ಸೌತೆಕಾಯಿ ಕಚ್ಚಿ ತಿನ್ನುತ್ತಿದ್ದಳು, ಅದನ್ನು ನೋಡಲಾಗದೆ ಕಿಟಕಿಯ ಕಡೆ ತಿರುಗಿದೆ. ಅಜ್ಜಿಯ ಮೇಲೆ ಕೆಂಡದಂಥ ಸಿಟ್ಟು ಬಂತು. ಕೌದಿ ಹೊಲಿದು ಕೊಟ್ಟವಳೂ ಅವಳೇ, ಅದರೊಳಗೆ ಮಾತಿನ ಮುಳ್ಳು ಇಟ್ಟವಳೂ ಅವಳೇ. ಆಡಬೇಡ ಎಂದು ಆಗಲೇ ಅಂದಿದ್ದರೆ ಮರೆತುಬಿಡುತ್ತಿದ್ದೆ. ಈಗ ಬಿಡು ಅಂದರೆ ಹೇಗೆ ಬಿಡಲಿ? ಅವಳಿಗೆ ಹೇಳದೆ ಬಳ್ಳಾರಿಯಲ್ಲೇ ಯಾರಿಂದಲಾದರೂ ಹೊಸದು ಕಟ್ಟಿಸಿಕೊಳ್ಳಬಹುದಿತ್ತು. ಆ ಯೋಚನೆ ಬಂತು. ಆದರೆ ಅವಳ ಹೊಲಿಗೆಯನ್ನು ಎದೆಗೆ ಕಟ್ಟಿಕೊಂಡು ಅವಳಿಗೆ ಸುಳ್ಳು ಹೇಳುವಷ್ಟು ಗಟ್ಟಿತನ ನನಗಿರಲಿಲ್ಲ.

ದೀಪ ಹಚ್ಚುವ ಹೊತ್ತಿಗೆ ಮನೆ ಮುಟ್ಟಿದೆ. ಅಜ್ಜಿ ರೊಟ್ಟಿ ಬಡಿದು ಮುಗಿಸಿದ್ದಳು, ಪುಂಡಿಪಲ್ಯದ ವಾಸನೆ ಬಾಗಿಲವರೆಗೆ ಬಂದಿತ್ತು. ನನ್ನ ಮುಖ ನೋಡಿದವಳೇ ಏನೂ ಕೇಳದೆ ಬೆನ್ನಿಗೆ ಬಂದು ಗಂಟು ಬಿಚ್ಚಿದಳು. ಚೀಲದಿಂದ ಅಂಗೈಗೆ ತೆಗೆದು ತೋರಿಸಿದೆ. ಲಿಂಗದ ಮೇಲಿನ ಕರಿಯ ಹೊದಿಕೆ, ಕಂತಿ, ಒಡೆದು, ಒಳಗಿನ ಪುಟ್ಟ ಕಲ್ಲು ಕಾಣುತ್ತಿತ್ತು. ಅಜ್ಜಿ ಅದನ್ನು ನೋಡಿದಳು, ನನ್ನನ್ನು ನೋಡಿದಳು.

"ಯಾವಾಗ?"

ಅರ್ಧ ಆಟದಲ್ಲಿ ಎಂದೆ.

"ಒಡದ ಮ್ಯಾಲೂ ಆಡಿದಿ?"

"ನಡುವ ಬಿಟ್ಟು ಬರಾಕ ಬರಂಗಿಲ್ಲಜ್ಜಿ. ಹಿಡದಿದ್ದು ಮುಗಿಸಬೇಕಲ್ಲ."

ನೀರು ಕುಡಿದೆಯಾ ಎಂದು ಕೇಳಿದಳು. ಇಲ್ಲವೆಂದೆ. ಅವಳು ನನ್ನ ಅಂಗಿಯ ಬೆನ್ನನ್ನು ಮುಟ್ಟಿ ನೋಡಿದಳು. ಬೆವರು ಒಣಗಿ ಉಪ್ಪು ಬಿಳಿಗಟ್ಟಿತ್ತು. ಆಮೇಲೆ ಒಳಗೆ ಹೋಗಿ ರೊಟ್ಟಿಯ ಬುಟ್ಟಿ ಮುಚ್ಚಿ, ಪಲ್ಯದ ಗಡಿಗೆ ಮುಚ್ಚಿ, ತಾನೂ ಉಣ್ಣದೆ ನನ್ನ ಪಕ್ಕದಲ್ಲಿ ಚಾಪೆ ಹಾಸಿದಳು. ಆಟದ ಬಗ್ಗೆ ಒಂದು ಮಾತೂ ಆಡಲಿಲ್ಲ. ನಾನೂ ಕೇಳಲಿಲ್ಲ. ಕೇಳಿದರೆ ಉತ್ತರ ಬರುತ್ತದೆಂಬ ಭಯ.

ಬೆಳಿಗ್ಗೆ ಇಬ್ಬರೂ ಸ್ನಾನ ಮಾಡಿ ಮಠಕ್ಕೆ ಹೋದೆವು. ಸ್ವಾಮಿಗಳು ವಯಸ್ಸಾದವರು, ಅಪ್ಪನಿಗೂ ಲಿಂಗ ಕಟ್ಟಿದವರು ಅವರೇ. ಒಡೆದ ಲಿಂಗವನ್ನು ಅಂಗೈಯಲ್ಲಿ ತಿರುಗಿಸಿ ನೋಡಿ, ಇದು ಹೇಗಾಯಿತು ಎಂದು ಕೇಳಿದರು. ನಾನು ತಲೆ ತಗ್ಗಿಸಿ, ಆಟ ಆಡುವಾಗ ಎಂದು ಹೇಳಲು ಬಾಯಿ ತೆರೆದೆ. ಅಷ್ಟರಲ್ಲಿ ಅಜ್ಜಿ ಮುಂದೆ ಬಂದು ಕೈ ಮುಗಿದಳು.

"ಕಾಯಕದಾಗ ಒಡೀತ್ರಿ ಅಪ್ಪಾರ."

ಯಾವ ಕಾಯಕ ಎಂದು ಸ್ವಾಮಿಗಳು ಕೇಳಿದರು.

"ಚೆಂಡಿಂದು" ಎಂದಳು ಅಜ್ಜಿ. ನೇಕಾರಿಕೆ, ಕುಂಬಾರಿಕೆ ಅಂದ ಹಾಗೆ, ಅಷ್ಟೇ ಸಲೀಸಾಗಿ.

ಸ್ವಾಮಿಗಳು ನನ್ನನ್ನು ಕಾಲಿನಿಂದ ತಲೆಯವರೆಗೆ ಒಮ್ಮೆ ನೋಡಿದರು. ವಿಭೂತಿ ಹಚ್ಚಿ, ಮಂತ್ರ ಹೇಳಿ, ಹೊಸ ಲಿಂಗವನ್ನು ನನ್ನ ಅಂಗೈಗೆ ಕೊಟ್ಟರು. ನಾನು ಅದನ್ನು ಕಣ್ಣಿಗೊತ್ತಿಕೊಂಡೆ.

ಹಿಂದಕ್ಕೆ ನಡೆಯುವಾಗ ದಾರಿಯಲ್ಲಿ ತಡೆಯಲಾಗದೆ ಕೇಳಿಯೇಬಿಟ್ಟೆ. ಮಾತು ಕೊಟ್ಟಿದ್ದೆನಲ್ಲ, ಅದು ಏನಾಯಿತು ಎಂದು. ಅಜ್ಜಿ ನಿಲ್ಲಲೂ ಇಲ್ಲ, ತಿರುಗಲೂ ಇಲ್ಲ. ಈ ಸಲ ಕೌದಿಗೆ ಇನ್ನೆರಡು ಪದರ ಜಾಸ್ತಿ ಹಾಕಬೇಕು, ದಾರ ಮುಗಿದಿದೆ, ಅಂಗಡಿಯಲ್ಲಿ ತೆಗೆದುಕೊಂಡು ಹೋಗೋಣ ಎಂದಳು. ತೆಗೆದುಕೊಂಡೆವು. ಮನೆಗೆ ಬಂದು ನಾನು ಪೂಜೆ ಮುಗಿಸಿ ಕಣ್ಣು ತೆರೆದಾಗ ಅವಳು ಎದುರಿಗೆ ತಂಬಿಗೆ ಹಿಡಿದು ಕೂತಿದ್ದಳು.

"ಕುಡಿ. ನಾಳೆ ಕೆಲಸಕ್ಕ ಹೋಗಬೇಕು ನೀನು."

ನಮ್ಮ ಮನೆಯಲ್ಲಿ ನನ್ನ ಆಟಕ್ಕೆ ಆ ಹೆಸರಿಟ್ಟು ಕರೆದದ್ದು ಅದೇ ಮೊದಲು. ನಾನು ತಂಬಿಗೆ ಎತ್ತಿ ಪೂರ್ತಿ ಕುಡಿದೆ.